ಎಂಟು ಸಾಲಿನ ಸುದ್ದಿ

ಹೋದ ತಿಂಗಳು ನನ್ನ ಬಲಗಣ್ಣಿನ ಪೊರೆ ತೆಗೆಸಿದರು. ಹದಿನೈದು ದಿನ ಏನೂ ಓದಕೂಡದೆಂದು ಡಾಕ್ಟರು ಕಟ್ಟಪ್ಪಣೆ ಮಾಡಿದ್ದರಿಂದ, ತೀರ್ಥಹಳ್ಳಿಯ ನಮ್ಮ ಮನೆಗೆ ಬರುವ ಪೇಪರನ್ನು ತಂಗಿಯ ಮಗಳು ಮಾಲತಿ ದಿನವೂ ಬೆಳಿಗ್ಗೆ ಓದಿ ಹೇಳುತ್ತಿದ್ದಳು. ಒಳ್ಳೆಯ ಧ್ವನಿ ಅವಳದು. ಮೂರನೆಯ ದಿನವೋ ನಾಲ್ಕನೆಯ ದಿನವೋ ಒಂದು ವಿಷಯ ಗಮನಿಸಿದೆ. ತನಗೆ ಇಷ್ಟವಾದ ಸುದ್ದಿಗೆ ಅವಳ ದನಿ ಏರುತ್ತಿತ್ತು, ಬೇಡದ್ದಕ್ಕೆ ಓಡುತ್ತಿತ್ತು. ಒಳಪುಟದ ಮೂಲೆಯಲ್ಲಿ ಏನನ್ನೋ ನೋಡಿ, "ಇದು ಬಿಡು ದೊಡ್ಡಮ್ಮ, ತಿದ್ದುಪಡಿ ಅಂತೆ, ಎರಡೇ ಸಾಲು" ಎಂದು ಪುಟ ಮಗುಚಿದಳು.

"ಓದು ಅದನ್ನ" ಎಂದೆ. ನನ್ನ ದನಿ ನನಗೇ ಗಡುಸಾಗಿ ಕೇಳಿತು.

ಅವಳು ಓದಿದಳು. ಯಾರದೋ ಹೆಸರು ತಪ್ಪಾಗಿತ್ತಂತೆ, ಅದಕ್ಕೆ ವಿಷಾದವಂತೆ. ಆಮೇಲೆ ಅವಳು ಕಾಫಿ ತರಲು ಒಳಗೆ ಹೋದಳು. ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಕೂತಿದ್ದ ನನಗೆ ಹೊಸೂರಿನ ಶಾಲೆಯ ಜಗಲಿ, ಅಲ್ಲಿ ನಾನು ಕಳೆದ ಒಂದೇ ಒಂದು ಬೇಸಿಗೆ, ನಿನ್ನೆ ಬಿಟ್ಟು ಬಂದಷ್ಟು ಹತ್ತಿರವಾಗಿ ಕಾಣತೊಡಗಿದವು.

ಅದು ಅರವತ್ತರ ದಶಕದ ನಡುವಿನ ಮಾತು. ಶರಾವತಿಗೆ ಅಣೆಕಟ್ಟು ಕಟ್ಟಿ ನೀರು ನಿಲ್ಲಿಸಿದ ಮೇಲೆ, ಮುಳುಗಿದ ಊರುಗಳಿಂದ ಎದ್ದು ಬಂದ ಮೂವತ್ತೋ ನಲವತ್ತೋ ಮನೆಗಳು ಹೊಸನಗರದ ಕಡೆಯ ಒಂದು ಗುಡ್ಡದ ಇಳಿಜಾರಿನಲ್ಲಿ ಬಂದು ಕೂತಿದ್ದವು. ಊರಿಗೆ ಇನ್ನೂ ಸರಿಯಾದ ಹೆಸರು ಬಿದ್ದಿರಲಿಲ್ಲ. ಎಲ್ಲರೂ ಹೊಸೂರು ಎನ್ನುತ್ತಿದ್ದರು. ಅಲ್ಲಿನ ಏಕೋಪಾಧ್ಯಾಯ ಶಾಲೆಗೆ ನನ್ನನ್ನು ಹಾಕಿದಾಗ ನನಗೆ ಇಪ್ಪತ್ತೆರಡು ವರ್ಷ. ಮೊದಲ ನೌಕರಿ. ಟ್ರಂಕು, ಹಾಸಿಗೆ, ಒಂದು ಸ್ಟೋವು ಹಿಡಿದುಕೊಂಡು ಬಸ್ಸಿಳಿದು, ಒಣಗಿ ಉದುರಿದ ದರಗೆಲೆಯ ಮೇಲೆ ಕಾಲು ಜಾರುತ್ತಾ ಎರಡು ಮೈಲಿ ನಡೆದು ಹೋಗಿದ್ದೆ. ಚಳಿ ಕಳೆದು ಬಿಸಿಲು ಬಲಿಯುವ ಕಾಲ. ಮರಗಳನ್ನು ಕಡಿದು ಬೇರು ಕಿತ್ತ ಗುಂಡಿಗಳು ಇನ್ನೂ ಬಾಯಿ ತೆರೆದುಕೊಂಡಿದ್ದವು. ಮನೆಗಳ ಗೋಡೆ ಹಸಿಯಾಗಿತ್ತು. ಜನ ಬೆಳಗಿನಿಂದ ಸಂಜೆಯವರೆಗೆ ಇಳಿಜಾರನ್ನು ಅಗೆದು, ಮಣ್ಣು ಹೊತ್ತು, ಗದ್ದೆಗೆ ಮಟ್ಟ ಮಾಡುತ್ತಿದ್ದರು. ಮುಳುಗಿದ ಊರಿನಲ್ಲಿ ಅವರ ಅಜ್ಜಂದಿರ ಕಾಲದಲ್ಲೇ ಮುಗಿದಿದ್ದ ಕೆಲಸ ಅದು.

ಶಾಲೆಗೆ ಎರಡು ಪತ್ರಿಕೆ ಬರುತ್ತಿದ್ದವು. ಒಂದು ದಿನಪತ್ರಿಕೆ, ಒಂದು ದಿನ ತಡವಾಗಿ. ಇನ್ನೊಂದು ಸಾಗರದಲ್ಲಿ ಅಚ್ಚಾಗುತ್ತಿದ್ದ ನಾಲ್ಕು ಪುಟದ ವಾರಪತ್ರಿಕೆ. ಆ ಪತ್ರಿಕೆ ನಿಂತು ಎಷ್ಟೋ ವರ್ಷವಾಯಿತು, ಹೆಸರು ಬೇಡ. ಊರಿನವರಿಗೆ ಅದರ ಮೇಲೆಯೇ ಪ್ರಾಣ. ಮುಳುಗಡೆಯವರ ಭೂಮಿ, ಹಕ್ಕುಪತ್ರ, ರಸ್ತೆ ಇವೆಲ್ಲ ಅದರಲ್ಲಿ ಮಾತ್ರ ಬರುತ್ತಿದ್ದವು. ಶನಿವಾರ ಮಧ್ಯಾಹ್ನದ ಬಸ್ಸಿಗೆ ಪತ್ರಿಕೆ ಬಂದರೆ, ಇಳಿಹೊತ್ತಿಗೆ ಎಲ್ಲರೂ ಮಣ್ಣು ಕೈ ತೊಳೆದುಕೊಂಡು ಶಾಲೆಯ ಜಗಲಿಗೆ ಬರುತ್ತಿದ್ದರು. ಓದಲು ಬರುವವರು ಊರಿನಲ್ಲಿ ಒಬ್ಬರನ್ನು ಬಿಟ್ಟರೆ ಇಲ್ಲವೆಂದೇ ತಿಳಿದಿದ್ದೆ. ನಾನು ಓದುತ್ತಿದ್ದೆ, ಅವರು ಕೇಳುತ್ತಿದ್ದರು.

ನಾನು ಚೆನ್ನಾಗಿ ಓದುತ್ತಿದ್ದೆ. ಟ್ರೈನಿಂಗ್ ಶಾಲೆಯಲ್ಲಿ ಗಟ್ಟಿವಾಚನಕ್ಕೆ ಬಹುಮಾನ ತೆಗೆದುಕೊಂಡವಳು. ಎಲ್ಲಿ ನಿಲ್ಲಿಸಬೇಕು, ಎಲ್ಲಿ ದನಿ ತಗ್ಗಿಸಬೇಕು ಎಂದು ಗೊತ್ತಿತ್ತು. ನಾನು ನಿಧಾನ ಮಾಡಿದರೆ ಕೆಳಗೆ ಕೂತ ಗಂಡಸರು ಎಲೆಅಡಿಕೆ ಅಗಿಯುವುದನ್ನು ನಿಲ್ಲಿಸಿಬಿಡುತ್ತಿದ್ದರು. ಇದು ನನಗೆ ಹಿತವಾಗಿತ್ತು. ನನ್ನ ಅಪ್ಪನಿಗೆ ಆಗದ ಪಕ್ಷದವರ ಭಾಷಣ ಬಂದರೆ ಅದನ್ನು ಹಾರಿಸಿ ಮುಂದೆ ಹೋಗುತ್ತಿದ್ದೆ. ಯಾರಿಗೆ ಗೊತ್ತಾಗಬೇಕು? ಮಾರನೆಯ ದಿನ ಗದ್ದೆಯಲ್ಲಿ ಅವರು "ಪೇಪರಲ್ಲಿ ಬಂದಿದೆ" ಎನ್ನುತ್ತಿರಲಿಲ್ಲ, "ಅಕ್ಕೋರು ಹೇಳಿದ್ರು" ಎನ್ನುತ್ತಿದ್ದರು. ಅಕ್ಕೋರು ಎಂದರೆ ಆ ಕಡೆ ಹೆಣ್ಣು ಮೇಷ್ಟ್ರು.

ನಾನು ಬರುವುದಕ್ಕಿಂತ ಮುಂಚೆ ಊರಿಗೆ ಓದಿ ಹೇಳುತ್ತಿದ್ದವರು ಬೀರಪ್ಪ. ನಲವತ್ತು ದಾಟಿದ, ತೆಳ್ಳಗೆ ಎತ್ತರವಾಗಿದ್ದ ಮನುಷ್ಯ. ಬೇರೆಯವರ ಗದ್ದೆಯನ್ನು ಗೇಣಿಗೆ ಮಾಡಿಕೊಂಡಿದ್ದವರ ಮಗ. ಮುಳುಗಡೆಯ ನೋಟೀಸು ಬಂದಾಗಿನಿಂದ ಕಚೇರಿಗಳಿಗೆ ನಡೆದವರು, ಅರ್ಜಿ ಹಿಡಿದುಕೊಂಡು ಸಾಗರದ ಬಿಸಿಲಿನಲ್ಲಿ ನಿಂತವರು ಅವರೇ. ಕಾಗದ ಬಂದರೆ ಅಂಗಳದಲ್ಲಿ ನಿಂತು ಓದಿ ಹೇಳುತ್ತಿದ್ದರಂತೆ. ಆ ವರ್ಷ ಪಂಚಾಯಿತಿ ಚುನಾವಣೆ ಬಂದಿತ್ತು. ಹೊಸೂರಿನಿಂದ ಒಬ್ಬರನ್ನು ಆರಿಸಬೇಕು. ಬೀರಪ್ಪ ನಿಂತಿದ್ದರು. ಎದುರಿಗೆ ನಿಂತವರು ಬಸ್ ರಸ್ತೆಯ ಬದಿಯಲ್ಲಿ ಅಂಗಡಿ ಇಟ್ಟಿದ್ದ ಪುಟ್ಟಪ್ಪ. ಬೀರಪ್ಪನೇ ಗೆಲ್ಲುತ್ತಾರೆಂದು ಪುಟ್ಟಪ್ಪನಿಗೂ ಗೊತ್ತಿತ್ತು.

ನಾನು ಬಂದು ತಿಂಗಳಾಗಿರಬೇಕು. ಒಂದು ಬೆಳಿಗ್ಗೆ, ಮಕ್ಕಳು ಬರುವ ಮೊದಲು, ಬೀರಪ್ಪ ಕಂಬಳಿ ಹೊದ್ದು ಬಂದು ಬಾಗಿಲ ಹತ್ತಿರ ನಿಂತರು. ಶಾಲೆಯ ಹುಲ್ಲು ಹೊದಿಕೆ ನೋಡುವವರಂತೆ ಮೇಲೆ ಕೆಳಗೆ ನೋಡಿದರು. ಕೊನೆಗೆ ಕಂಬಳಿಯೊಳಗಿಂದ ಒಂದು ಸ್ಲೇಟು ತೆಗೆದರು.

"ಅಕ್ಕೋರೆ, ನಂಗೆ ನನ್ನ ಹೆಸರು ಬರೆಯೋದು ಹೇಳ್ಕೊಡ್ತೀರಾ?"

ನಾನು ತಮಾಷೆ ಎಂದುಕೊಂಡೆ.

"ಓದಕ್ಕೂ ಬರಲ್ಲ" ಎಂದರು, ನೆಲ ನೋಡುತ್ತಾ. "ಗುಮಾಸ್ತರ ಹತ್ರ ಎರಡು ಸಲ ಓದ್ಸಿ ಬಾಯಿಪಾಠ ಮಾಡ್ಕೊಂಡು ಬರ್ತಿದ್ದೆ. ಇಲ್ಲಿ ಕಾಗ್ದ ಹಿಡ್ಕೊಂಡು ಹಂಗೇ ಹೇಳ್ತಿದ್ದೆ. ಈಗ ಗೆದ್ದು ಮೀಟಿಂಗಿಗೆ ಹೋದ್ರೆ ಸಹಿ ಹಾಕ್ಬೇಕಲ್ಲ. ಹೆಬ್ಬೆಟ್ಟು ಒತ್ತಿದ್ರೆ ಊರಿಗೇ ಗೊತ್ತಾಗುತ್ತೆ. ಇದು ನಿಮ್ಮ ಹೊಟ್ಟೇಲೇ ಇರಲಿ."

ನಾನು ಮಾತು ಕೊಟ್ಟೆ. ದಿನವೂ ಬೆಳಿಗ್ಗೆ ಬರತೊಡಗಿದರು. ಗುದ್ದಲಿ ಹಿಡಿದು ಗಡುಸಾದ ಬೆರಳುಗಳಿಗೆ ಬಳಪ ತೀರಾ ಹಗುರ. ಒಂದು ವಾರದಲ್ಲಿ ನಾಲ್ಕು ಬಳಪ ಮುರಿದವು. ಆದರೆ ನೆನಪು ಅಸಾಧಾರಣ. ನಾನು ಒಂದು ಸಲ ಹೇಳಿದ್ದನ್ನು ಮಾರನೆಯ ದಿನ ಒಂದು ಅಕ್ಷರ ತಪ್ಪದೆ ಒಪ್ಪಿಸುತ್ತಿದ್ದರು. ತಿಂಗಳಾಗುವ ಹೊತ್ತಿಗೆ "ಬೀರ" ಎಂದು ಬರೆಯಲು ಕಲಿತರು. ಒತ್ತಕ್ಷರ ಮುಂದಿನ ವಾರ ಎಂದಿದ್ದೆ.

ಚುನಾವಣೆಗೆ ಒಂಬತ್ತು ದಿನ ಇರುವಾಗ ಆ ಶನಿವಾರ ಬಂತು. ಬಸ್ಸು ಕೆಟ್ಟು ಪತ್ರಿಕೆ ತಡವಾಗಿತ್ತು. ಜನ ಆಗಲೇ ಕೂತಿದ್ದರು. ಬೇರೆ ದಿನವಾದರೆ ನಾನು ಮೊದಲು ಒಬ್ಬಳೇ ಕಣ್ಣಾಡಿಸುತ್ತಿದ್ದೆ. ಅವತ್ತು ಮಡಿಕೆ ಬಿಚ್ಚಿ ನೇರವಾಗಿ ಓದಲು ಶುರು ಮಾಡಿದೆ. ಮೂರನೆಯ ಪುಟದ ಕೆಳಗೆ ಎಂಟು ಸಾಲಿನ ಒಂದು ಸುದ್ದಿ. ಮುಳುಗಡೆ ಸಂತ್ರಸ್ತರ ಹೊಸ ಊರಿನ ಮುಖಂಡರೆನಿಸಿಕೊಂಡ ಶ್ರೀ ಬೀರಪ್ಪನವರು, ಊರಿನ ದನ ಮೇಯುವ ಗುಡ್ಡವನ್ನು ಸರ್ಕಾರದ ನೆಡುತೋಪಿಗೆ ಬಿಟ್ಟುಕೊಡಲು ಒಪ್ಪಿ ಸಹಿ ಹಾಕಿರುವುದಾಗಿ ತಿಳಿದುಬಂದಿದೆ. ಇದರಿಂದ ಊರು ಮತ್ತೊಮ್ಮೆ ಎದ್ದು ಹೋಗಬೇಕಾದೀತೆಂಬ ಭೀತಿ ವ್ಯಕ್ತವಾಗಿದೆ.

ಎರಡನೆಯ ಸಾಲಿನಲ್ಲೇ ಅವರ ಹೆಸರು ನನ್ನ ಕಣ್ಣಿಗೆ ಬಿದ್ದಿತ್ತು. ನಿಲ್ಲಿಸಬಹುದಿತ್ತು. ಹಾರಿಸುವುದು ನನಗೆ ಅಭ್ಯಾಸವೇ ಆಗಿತ್ತಲ್ಲ. ಆದರೆ ಬಾಯಿ ನಿಲ್ಲಲಿಲ್ಲ. ಇಷ್ಟೇ ಅಲ್ಲ, "ಮತ್ತೊಮ್ಮೆ ಎದ್ದು ಹೋಗಬೇಕಾದೀತೆಂಬ" ಎನ್ನುವಲ್ಲಿ ನನ್ನ ದನಿ ತಾನಾಗಿ ತಗ್ಗಿತು, ಬಹುಮಾನ ತಂದುಕೊಟ್ಟ ಅದೇ ರೀತಿಯಲ್ಲಿ. ಸಹಿ ಮಾಡಲು ಬಾರದವನು ಸಹಿ ಹೇಗೆ ಹಾಕಿಯಾನು ಎನ್ನುವ ಯೋಚನೆ ಬಂದದ್ದು ಓದಿ ಮುಗಿಸಿದ ಮೇಲೆ.

ಮುಂದೆ ಕೂತಿದ್ದ ದುಗ್ಗಮ್ಮ ಎಂಬ ಮುದುಕಿ ಕತ್ತೆತ್ತಿ ಕೇಳಿದಳು.

"ಅಕ್ಕೋರೆ, ತಿಳಿದುಬಂದಿದೆ ಅಂದ್ರಲ್ಲ. ಯಾರಿಗೆ ತಿಳೀತು?"

"ಪೇಪರಿನವರಿಗೆ" ಎಂದೆ.

"ಅವರಿಗೆ ಯಾರು ಹೇಳಿದ್ರು?"

ನಾನು ಪತ್ರಿಕೆಯನ್ನೇ ಮತ್ತೆ ನೋಡಿದೆ. ಅವಳ ಮಗ ಅವಳ ಭುಜ ಹಿಡಿದು, "ಸುಮ್ನಿರು ಅವ್ವ. ಅಚ್ಚಾಗಿದೆ" ಎಂದ.

ಬೀರಪ್ಪ ಕಂಬಕ್ಕೆ ಒರಗಿ ಕೂತಿದ್ದವರು ಎದ್ದು ನಿಂತರು. "ನಾನು ಎಲ್ಲೂ ಸಹಿ ಹಾಕಿಲ್ಲ" ಎಂದರು. "ಹಂಗಾದ್ರೆ ಬರೀ ಸುಳ್ಳು ಅಚ್ಚು ಹಾಕ್ತಾರಾ?" ಎಂದು ಹಿಂದಿನಿಂದ ಯಾರೋ ಕೇಳಿದರು. ಬೀರಪ್ಪ ನನ್ನ ಕಡೆ ನೋಡಿದರು. ನಾನು ಪತ್ರಿಕೆಯನ್ನು ಮಡಚಿದೆ, ಇನ್ನೊಂದು ಸಲ ಮಡಚಿದೆ. ಮಾತು ಕೊಟ್ಟಿದ್ದೇನೆ, ಹೇಗೆ ಹೇಳಲಿ ಎಂದು ಮನಸ್ಸಿಗೆ ಸಮಾಧಾನ ಹೇಳಿಕೊಂಡೆ. ನಿಜ ಹೇಳಬೇಕೆಂದರೆ, ಅಷ್ಟು ಜನರ ಮುಂದೆ ಪತ್ರಿಕೆಯ ಮಾತಿಗೆ ಎದುರು ಮಾತಾಡುವ ಧೈರ್ಯ ನನಗಿರಲಿಲ್ಲ.

ಒಮ್ಮೆ ನೀರಿಗೆ ಮನೆ ಬಿಟ್ಟು ಬಂದವರಿಗೆ ಇನ್ನೊಮ್ಮೆ ಏಳಬೇಕೆಂಬ ಮಾತು ಸಾಕು, ಹೆಚ್ಚು ಬೇಕಿಲ್ಲ. ಯಾರೂ ಬೀರಪ್ಪನನ್ನು ಬೈಯಲಿಲ್ಲ. ಜಗಳ ಆಡಲಿಲ್ಲ. ಆ ಊರಿನಲ್ಲಿ ಮುಯ್ಯಾಳು ಕೆಲಸ ನಡೆಯುತ್ತಿತ್ತು. ಇವತ್ತು ನಿಮ್ಮ ಗದ್ದೆಗೆ ಹತ್ತು ಮಂದಿ, ನಾಳೆ ನಮ್ಮ ಗದ್ದೆಗೆ ಹತ್ತು ಮಂದಿ. ಮಂಗಳವಾರ ಬೀರಪ್ಪನ ಸರದಿ. ಶಾಲೆಯ ಕಿಟಕಿಯಿಂದ ನೋಡುತ್ತಿದ್ದೆ. ಬಿಸಿಲೇರಿತು, ಯಾರೂ ಬರಲಿಲ್ಲ. ಅವರ ಹೆಂಡತಿ ಹತ್ತು ಮಂದಿಗೆಂದು ತಂದಿದ್ದ ಗಂಜಿಯ ಪಾತ್ರೆ ಮರದ ಕೆಳಗೆ ಬಟ್ಟೆ ಮುಚ್ಚಿಕೊಂಡು ಇತ್ತು. ಗಂಡ ಅಗೆಯುತ್ತಿದ್ದರು, ಹೆಂಡತಿ ಬುಟ್ಟಿಯಲ್ಲಿ ಮಣ್ಣು ಹೊರುತ್ತಿದ್ದರು. ಮಧ್ಯಾಹ್ನದ ಬಿಡುವಿನಲ್ಲಿ ನನ್ನಿಂದ ಊಟ ಮಾಡಲಾಗಲಿಲ್ಲ. ಅಲ್ಲಿಗೇ ಹೋದೆ.

"ನಿಮಗೆ ಸಹಿ ಬರಲ್ಲ ಅಂತ ಹೇಳಿಬಿಡ್ತೀನಿ ಬೀರಪ್ಪನೋರೆ. ಒಂದೇ ಮಾತಲ್ಲಿ ಮುಗಿಯುತ್ತೆ."

ಅವರು ಗುದ್ದಲಿ ಊರಿ ನಿಂತರು. "ಮುಗಿಯಲ್ಲ. ಓದಕ್ಕೇ ಬರಲ್ಲ ಅಂದ ಮೇಲೆ ಇಷ್ಟು ವರ್ಷ ನಾನು ಓದಿ ಹೇಳಿದ್ದೆಲ್ಲ ಸುಳ್ಳು ಅಂತಾರೆ. ನೋಟೀಸು, ಹಕ್ಕುಪತ್ರದ ಕಾಗ್ದ, ಎಲ್ಲ. ನನ್ನ ಮಾತು ನಂಬ್ಕೊಂಡು ಇವ್ರು ಮನೆ ಬಿಟ್ಟು ಬಂದೋರು ಅಕ್ಕೋರೆ. ಸೋತ್ರೆ ಸೋಲ್ತೀನಿ. ಅದು ಬೇಡ."

ಅವರ ಹೆಂಡತಿ ನನಗೂ ಒಂದು ಲೋಟ ಗಂಜಿ ಕೊಟ್ಟರು. ಅಲ್ಲೇ ನಿಂತು ಕುಡಿದೆ.

ಗುರುವಾರ ಶಾಲೆಗೆ ರಜೆ ಬರೆದಿಟ್ಟು ಸಾಗರದ ಬಸ್ಸು ಹತ್ತಿದೆ. ಪ್ರೆಸ್ಸು ಪೇಟೆಯ ಹಿಂದಿನ ಬೀದಿಯಲ್ಲಿ ಒಂದು ಕೋಣೆ. ಬಾಗಿಲಲ್ಲೇ ಸೀಮೆಎಣ್ಣೆ ಮತ್ತು ಮಸಿಯ ವಾಸನೆ. ಸಂಪಾದಕರು ಎಂದರೆ ಯಾರೋ ಸೂಟು ಹಾಕಿದ ದೊಡ್ಡ ಮನುಷ್ಯರೆಂದುಕೊಂಡು ಹೋಗಿದ್ದೆ. ಬನಿಯನ್, ಪಂಚೆಯಲ್ಲಿ, ಕನ್ನಡಕವನ್ನು ಹಣೆಗೇರಿಸಿಕೊಂಡು ಒಬ್ಬ ಬಡಕಲು ಮನುಷ್ಯ ತಾವೇ ನಿಂತು ಅಚ್ಚಿನ ಮೊಳೆ ಜೋಡಿಸುತ್ತಿದ್ದರು. ನನ್ನನ್ನು ಸ್ಟೂಲಿನ ಮೇಲೆ ಕೂರಿಸಿ, ಎಲ್ಲ ಕೇಳಿ, ಕೈಯಲ್ಲಿದ್ದ ಮೊಳೆಯನ್ನು ಕೆಳಗಿಟ್ಟರು.

"ನೋಡಮ್ಮ, ಸುಳ್ಳು ಹೇಳಲ್ಲ ನಾನು. ಅವತ್ತು ಪುಟ ಕಟ್ಟೋ ಹೊತ್ತಿಗೆ ಎಂಟು ಸಾಲಿನ ಜಾಗ ಉಳೀತು. ಮಧ್ಯಾಹ್ನ ಹೋಟ್ಲಲ್ಲಿ ಪಕ್ಕದ ಟೇಬಲ್ಲಿನೋರು ಆ ಮಾತು ಆಡ್ತಿದ್ರು. ಜಾಗಕ್ಕೆ ಸರಿಹೋಯ್ತು, ಹಾಕಿದೆ."

"ಯಾರು ಅವರು?"

"ಮುಖವೂ ನೆನಪಿಲ್ಲ ಈಗ."

ನನಗೆ ಸಿಟ್ಟು ಬರಬೇಕಾಗಿತ್ತು. ಬರಲಿಲ್ಲ. ಅವರ ಬೆರಳಿನ ತುದಿಗಳು ಮೊಳೆ ಹಿಡಿದು ಸವೆದು, ಮಸಿಯಿಂದ ಕಪ್ಪಾಗಿದ್ದವು. ಮುಳುಗಡೆಯವರ ಪರವಾಗಿ ವಾರವಾರವೂ ಬರೆದವರೂ ಅವರೇ. ಆ ಪತ್ರಿಕೆ ಇರದಿದ್ದರೆ ನಮ್ಮ ಊರಿನ ಅರ್ಧ ಮಂದಿಗೆ ಭೂಮಿಯೂ ಸಿಗುತ್ತಿರಲಿಲ್ಲ. ಅದಕ್ಕೇ ಜನ ಅದನ್ನು ಅಷ್ಟು ನಂಬಿದ್ದರು.

"ತಪ್ಪಾಯ್ತು ಅಂತ ಹಾಕ್ತೀನಿ" ಎಂದರು. "ಅದಿರಲಿ, ಸುಳ್ಳು ಅಂತ ಅಷ್ಟು ಗಟ್ಟಿಯಾಗಿ ಹೇಳ್ತೀರಲ್ಲ, ನಿಮಗೆ ಹ್ಯಾಗೆ ಗೊತ್ತು? ಕಾರಣ ಕೊಟ್ರೆ ಅದನ್ನೇ ಬರೀತೀನಿ. ಬರೀ ತಪ್ಪಾಯ್ತು ಅಂದ್ರೆ ಯಾರೂ ನಂಬಲ್ಲ."

ಕಾರಣ ನಾಲಗೆಯ ತುದಿಯಲ್ಲಿತ್ತು. ಹೇಳಲಿಲ್ಲ. ಅವರು ನನ್ನ ಎದುರಿಗೇ ಒಂದೊಂದೇ ಮೊಳೆ ಹೆಕ್ಕಿ ಸಾಲು ಜೋಡಿಸಿದರು. ಅಕ್ಷರಗಳೆಲ್ಲ ತಿರುಗುಮುರುಗಾಗಿದ್ದವು. ನನಗೆ ಒಂದೂ ಓದಲು ಬರಲಿಲ್ಲ. ಕಳೆದ ವಾರದ ವರದಿ ದೃಢಪಟ್ಟಿಲ್ಲವೆಂದೂ ಅದಕ್ಕಾಗಿ ವಿಷಾದಿಸುವುದಾಗಿಯೂ ಬರೆದಿದ್ದೇನೆ ಎಂದು ಅವರೇ ಓದಿ ಹೇಳಿದರು. ಎರಡು ಸಾಲು. ಎಂಟು ಸಾಲು ಕೊಡಿ ಎಂದು ಕೇಳಿದೆ. ಈ ವಾರ ಚುನಾವಣೆಯ ಸುದ್ದಿಯೇ ತುಂಬಿದೆ, ಜಾಗವಿಲ್ಲ ಎಂದರು.

ಶನಿವಾರ ಜಗಲಿಯ ಮೇಲೆ ಜನ ಸೇರಿದರು. ಆ ಎರಡು ಸಾಲು ಕೊನೆಯ ಪುಟದಲ್ಲಿ, ತಲೆಗೆ ಹಚ್ಚುವ ಎಣ್ಣೆಯ ಜಾಹೀರಾತಿನ ಕೆಳಗಿತ್ತು. ನಾನು ಅದನ್ನೇ ಮೊದಲು ಓದಿದೆ. ಎಷ್ಟು ನಿಧಾನ ಮಾಡಿದರೂ ಒಂದು ಉಸಿರಿನೊಳಗೆ ಮುಗಿದುಹೋಯಿತು. ಇನ್ನೊಂದು ಸಲ ಓದಿದೆ.

"ದೃಢಪಟ್ಟಿಲ್ಲ ಅಂದ್ರೆ ಎಂತ?" ಎಂದು ದುಗ್ಗಮ್ಮನ ಮಗ ಕೇಳಿದ. "ಆಗಿಲ್ಲ ಅಂತಲಾ, ಆಗಿದ್ದು ಗೊತ್ತಾಗಿಲ್ಲ ಅಂತಲಾ?"

"ಅಕ್ಕೋರು ಸಾಗರಕ್ಕೆ ಹೋಗಿ ಹಾಕ್ಸಿದ್ದು" ಎಂದರು ಇನ್ನೊಬ್ಬರು. ಕೆಟ್ಟ ಮನಸ್ಸಿನಿಂದ ಹೇಳಿದ್ದಲ್ಲ. ಬಸ್ಸಿನಲ್ಲಿ ನನ್ನನ್ನು ಕಂಡಿದ್ದರು, ಕಂಡದ್ದನ್ನು ಹೇಳಿದರು.

ಬೀರಪ್ಪ ಹಿಂದಿನ ಸಾಲಿನಲ್ಲಿದ್ದರು. ಎದ್ದು ಮುಂದೆ ಬಂದು, ಮಕ್ಕಳ ಸ್ಲೇಟುಗಳ ರಾಶಿಯಿಂದ ಒಂದನ್ನು ತೆಗೆದುಕೊಂಡರು. ನಾನು ಬೇಡವೆಂದು ತಲೆಯಾಡಿಸಿದೆ. ಅವರು ನೋಡಲಿಲ್ಲ. ಜಗಲಿಯ ಅಂಚಿನಲ್ಲಿ ಕೂತು, ಸ್ಲೇಟನ್ನು ತೊಡೆಯ ಮೇಲಿಟ್ಟುಕೊಂಡು, ನಾಲಗೆ ಕಚ್ಚಿ ಬರೆದರು. ಬಹಳ ಹೊತ್ತು ಹಿಡಿಯಿತು. ಬರೆದು ಎಲ್ಲರಿಗೂ ಕಾಣುವಂತೆ ಹಿಡಿದರು. "ಬೀರ", ಅದರ ಪಕ್ಕದಲ್ಲಿ ಒತ್ತಕ್ಷರ ಇರಬೇಕಾದ ಕಡೆ ಒಂದು ಗೆರೆ.

"ನಂಗೆ ಇಷ್ಟೇ ಬರೋದು" ಎಂದರು. "ಇದನ್ನೂ ಅಕ್ಕೋರು ಕಲ್ಸಿದ್ದು, ಈ ತಿಂಗಳು. ಸಹಿ ಎಲ್ಲಿಂದ ಹಾಕ್ಲಿ?"

ಸ್ಲೇಟಿನ ಮೇಲೆ ಏನಿದೆಯೆಂದು ಓದಲು ಅಲ್ಲಿ ಯಾರಿಗೂ ಬರುತ್ತಿರಲಿಲ್ಲ. ಆದರೂ ಎಲ್ಲರೂ ಅದನ್ನೇ ನೋಡುತ್ತಿದ್ದರು.

"ಹಂಗಾದ್ರೆ ಮುಳುಗಡೆ ನೋಟೀಸು ಓದಿದ್ದು?" ಎಂದು ಒಬ್ಬರು ಕೇಳಿದರು.

"ಗುಮಾಸ್ತರು ಹೇಳಿದ್ದು. ನಾನು ಒಂದಕ್ಷರ ಹೆಚ್ಚು ಹೇಳಿಲ್ಲ, ಕಮ್ಮಿ ಹೇಳಿಲ್ಲ. ಆದ್ರೆ ಓದ್ತೀನಿ ಅಂತ ಕಾಗ್ದ ಹಿಡ್ಕೊಂಡು ನಿಂತಿದ್ದು ಸುಳ್ಳು."

ದುಗ್ಗಮ್ಮ ಸೆರಗಿನಿಂದ ಬಾಯಿ ಒರೆಸಿಕೊಂಡಳು. "ನಂಗೆ ಗೊತ್ತಿತ್ತು" ಎಂದಳು. "ಆ ನೋಟೀಸಿನಲ್ಲಿ ಎರಡು ತಲೆ ಹಕ್ಕಿ ಮುದ್ರೆ ಇತ್ತಲ್ಲ. ಇವ ಹಿಡ್ಕೊಂಡಾಗ ಹಕ್ಕಿ ಕಾಲು ಮೇಲೆ ಮಾಡಿತ್ತು."

ಒಬ್ಬಿಬ್ಬರು ನಕ್ಕರು. ಬೀರಪ್ಪನಿಗೂ ನಗು ಬಂತು, ಕಣ್ಣಲ್ಲಿ ನೀರೂ ಬಂತು. ಆಗ ನಾನು ಎದ್ದು ನಿಂತೆ. ನನ್ನ ಒಳ್ಳೆಯ ಧ್ವನಿ ಅವತ್ತು ಎಲ್ಲಿ ಹೋಗಿತ್ತೋ.

"ಇವರಿಗೆ ಸಹಿ ಬರಲ್ಲ ಅಂತ ನನಗೆ ಗೊತ್ತಿತ್ತು. ಗೊತ್ತಿದ್ದೂ ಹೋದ ವಾರ ಓದಿದೆ. ಓದಿ ಸುಮ್ಮನೆ ಕೂತೆ. ಪೇಪರಿನಲ್ಲಿ ಇರೋದನ್ನೂ ನಾನು ಎಲ್ಲ ಓದ್ತಿರಲಿಲ್ಲ. ನನಗೆ ಬೇಡದ್ದನ್ನ ಬಿಡ್ತಿದ್ದೆ."

ಹೊತ್ತು ಇಳಿಯುತ್ತಿತ್ತು, ದನ ಹೊಡೆದುಕೊಂಡು ಬರಬೇಕಿತ್ತು. ಒಬ್ಬೊಬ್ಬರಾಗಿ ಎದ್ದು ಹೋದರು.

ಎರಡು ದಿನದ ಮೇಲೆ ನಮ್ಮ ಶಾಲೆಯಲ್ಲೇ ಮತದಾನವಾಯಿತು. ಬೀರಪ್ಪ ಸೋತರು. ದೊಡ್ಡ ಅಂತರವೇನಲ್ಲ, ಆದರೆ ಸೋತರು. ಓದಲು ಬಾರದವನು ಮೀಟಿಂಗಿನಲ್ಲಿ ಏನು ಮಾಡಿಯಾನು ಎಂದು ಕೆಲವರು ಪುಟ್ಟಪ್ಪನಿಗೆ ಹಾಕಿದ್ದರು. ಗುಡ್ಡ ಹೋಗಿಬಿಟ್ಟರೆ ಎಂಬ ಹೆದರಿಕೆ ಕೆಲವರಿಗೆ ಹಾಗೆಯೇ ಉಳಿದಿತ್ತು. ಪುಟ್ಟಪ್ಪ ಕೆಟ್ಟವರಲ್ಲ. ಗೆದ್ದ ಮೂರನೆಯ ದಿನವೇ ಬೀರಪ್ಪನ ಮನೆಗೆ ಹೋಗಿ, ಕಚೇರಿಯ ದಾರಿ ನನಗೆ ಗೊತ್ತಿಲ್ಲ, ಜೊತೆಗೆ ಬಾ ಎಂದು ಕೇಳಿದರು. ಇಬ್ಬರೂ ಒಟ್ಟಿಗೆ ಹೋಗಿ ಗುಡ್ಡದ ವಿಷಯ ವಿಚಾರಿಸಿಕೊಂಡು ಬಂದರು. ಅಂಥ ಯೋಚನೆಯೇ ಯಾರಿಗೂ ಇರಲಿಲ್ಲವಂತೆ. ಆ ಸುದ್ದಿ ಯಾವ ಪತ್ರಿಕೆಯಲ್ಲೂ ಬರಲಿಲ್ಲ. ಮಾರನೆಯ ಮಂಗಳವಾರ ಬೀರಪ್ಪನ ಗದ್ದೆಯಲ್ಲಿ ಹತ್ತಲ್ಲ, ಹದಿನಾಲ್ಕು ಮಂದಿ ಇದ್ದರು. ಕ್ಷಮೆ ಕೇಳುವ ಮಾತು ಯಾರ ಬಾಯಿಂದಲೂ ಬಂದದ್ದು ನಾನು ಕೇಳಲಿಲ್ಲ. ಎಲ್ಲರೂ ಗುದ್ದಲಿ ತಂದಿದ್ದರು.

ಶನಿವಾರದ ಓದು ನಿಂತುಹೋಗಬಹುದೆಂದು ಹೆದರಿದ್ದೆ. ನಿಲ್ಲಲಿಲ್ಲ. ಆದರೆ ಮೊದಲಿನಂತೆ ಮೌನವಾಗಿ ಕೇಳುವುದು ಮುಗಿದಿತ್ತು. ಎರಡು ಸಾಲಿಗೊಮ್ಮೆ ಯಾರಾದರೂ ತಡೆದು, ಇದನ್ನು ಯಾರು ಕಂಡದ್ದು, ಅವರು ಅಲ್ಲಿ ಇದ್ದರಾ, ಇನ್ನೊಬ್ಬರು ಎಂತ ಹೇಳ್ತಾರೆ ಎಂದು ಕೇಳುತ್ತಿದ್ದರು. ಒಂದು ಪುಟ ಮುಗಿಸಲು ಸಂಜೆಯೇ ಸಾಲದು. ಮೊದಮೊದಲು ನನಗೆ ಅವಮಾನವಾದಂತೆ ಆಯಿತು. ಆಮೇಲೆ ಆ ಪ್ರಶ್ನೆಗಳಿಗಾಗಿಯೇ ಕಾಯತೊಡಗಿದೆ. ಬೆಳಗಿನ ಪಾಠಕ್ಕೆ ಬೀರಪ್ಪ ಈಗ ಕಂಬಳಿ ಹೊದೆಯದೆ, ಸ್ಲೇಟನ್ನು ಕೈಯಲ್ಲೇ ಹಿಡಿದುಕೊಂಡು ಬರುತ್ತಿದ್ದರು. ಅವರ ಜೊತೆ ಇನ್ನೂ ಮೂವರು.

ಮಳೆ ಹಿಡಿಯುವ ಮೊದಲೇ ನನಗೆ ವರ್ಗವಾಯಿತು. ಕವಲೇದುರ್ಗದ ಹತ್ತಿರದ ಒಂದು ಶಾಲೆಗೆ. ಬೀರಪ್ಪ ನನ್ನ ಟ್ರಂಕು ಹೊತ್ತು ಬಸ್ ರಸ್ತೆಯವರೆಗೆ ಬಂದರು. ಮರದ ನೆರಳಿನಲ್ಲಿ ಟ್ರಂಕು ಇಳಿಸಿ ಇಬ್ಬರೂ ಬಸ್ಸು ಕಾದೆವು. ದಾರಿಯುದ್ದಕ್ಕೂ ಹೇಳಬೇಕೆಂದುಕೊಂಡಿದ್ದನ್ನು ಅಲ್ಲಿ ಹೇಳಿದೆ.

"ಅವತ್ತು ನಾನು ಓದಬಾರದಿತ್ತು ಬೀರಪ್ಪನೋರೆ."

ಅವರು ತಲೆಯ ಸಿಂಬೆ ಬಿಚ್ಚಿ ಮುಖ ಒರೆಸಿಕೊಂಡರು.

"ಅದ್ನ ಮನಸ್ಸಿಗೆ ಹಚ್ಕೋಬೇಡಿ" ಎಂದರು. "ನಿಮ್ಗೆ ಒಂದು ಹೇಳ್ತೀನಿ, ನಗ್ಬಾರ್ದು. ನೀವು ಓದ್ತಾ ಇದ್ರಲ್ಲ, ಅಷ್ಟು ಚೆಂದ ಇತ್ತು ಅದು. ನಾನು ಕೂತಲ್ಲೇ ಯೋಚ್ನೆ ಮಾಡ್ದೆ, ಎಲ್ಲಾದ್ರೂ ಹಾಕಿದ್ನಾ ಸಹಿ ಅಂತ."